ಬಾದಾಮಿಯಲ್ಲಿ 50 ನಿಮಿಷ: ಪ್ರವಾಸದ ಬಸ್ಸು ನಡೆಸುವವರಿಗೆ ಒಂದು ಬಹಿರಂಗ ಪತ್ರ

ಮಂಗಳೂರು ಮತ್ತು ಉಡುಪಿಯಿಂದ ಪ್ರವಾಸದ ಬಸ್ಸು ಹೊರಡಿಸುವ ಎಲ್ಲ ಸಂಸ್ಥೆಗಳ ಮಾಲೀಕರಿಗೆ,

ಮಾನ್ಯರೇ,

ನಮಸ್ಕಾರ. ನಾನು ಬ್ರಹ್ಮಾವರದ ಹತ್ತಿರದವಳು. ಹೈಸ್ಕೂಲಿನಲ್ಲಿ 31 ವರ್ಷ ಕನ್ನಡ ಪಾಠ ಮಾಡಿ ನಿವೃತ್ತಳಾಗಿದ್ದೇನೆ. ಕಳೆದ ಡಿಸೆಂಬರಿನಲ್ಲಿ ನನ್ನ ಅಕ್ಕನನ್ನು ಕರೆದುಕೊಂಡು ನಿಮ್ಮಲ್ಲೊಬ್ಬರು ನಡೆಸುವ ಹಂಪಿ, ಬಾದಾಮಿ, ವಿಜಯಪುರ ಪ್ರವಾಸಕ್ಕೆ ಹೋಗಿ ಬಂದೆ. ಗುರುವಾರ ರಾತ್ರಿ ಹೊರಟು ಸೋಮವಾರ ಬೆಳಗ್ಗೆ ವಾಪಸು. ಯಾವ ಸಂಸ್ಥೆ ಅಂತ ಹೇಳುವುದಿಲ್ಲ. ಬೇರೆ ಬೇರೆ ಬಸ್ಸಿನಲ್ಲಿ ಹೋಗಿ ಬಂದ ಪರಿಚಯದವರನ್ನು ಕೇಳಿದೆ, ಎಲ್ಲರ ಅನುಭವವೂ ಹೆಚ್ಚುಕಡಿಮೆ ನನ್ನದರ ಹಾಗೇ ಇದೆ. ಆದ್ದರಿಂದ ಈ ಪತ್ರ ನಿಮಗೆಲ್ಲರಿಗೂ ಸೇರಿದ್ದು.

ದೂರುವ ಮೊದಲು ಒಂದು ಮಾತು. ನಿಮ್ಮ ಬಸ್ಸುಗಳು ಇಲ್ಲದಿದ್ದರೆ ನನ್ನಂಥವರು ಇಂಥ ಊರುಗಳನ್ನು ನೋಡುವುದೇ ಇಲ್ಲ. ಅಕ್ಕನಿಗೆ 71 ವರ್ಷ, ಮಂಡಿನೋವು ಬೇರೆ. ಮಕ್ಕಳು ದೂರದ ಊರಿನಲ್ಲಿದ್ದಾರೆ. ನಾವಿಬ್ಬರೇ ಹೊಸಪೇಟೆಯಲ್ಲಿ ಇಳಿದು, ಬಸ್ಸು ಹುಡುಕಿ, ರೂಮು ಹುಡುಕಿ ತಿರುಗುವುದು ಆಗದ ಮಾತು. ಡ್ರೈವರ್ ಘಟ್ಟದಲ್ಲಿ ತುಂಬಾ ಜಾಗ್ರತೆಯಿಂದ ಬಸ್ಸು ಹತ್ತಿಸಿದರು. ಅಡುಗೆಯ ಇಬ್ಬರು ಮೂರು ದಿನವೂ ನಮಗಿಂತ ಎರಡು ಗಂಟೆ ಮೊದಲೇ ಏಳುತ್ತಿದ್ದರು. ಅವರಿಗೆಲ್ಲ ಈಗಲೂ ಕೈ ಮುಗಿಯುತ್ತೇನೆ. ನನ್ನ ದೂರು ಅವರ ಮೇಲಲ್ಲ. ಈ ಪ್ರವಾಸವನ್ನು ಕೂತು ಹೊಂದಿಸಿದ ರೀತಿಯ ಮೇಲೆ.

ನಿಮ್ಮ ಕರಪತ್ರದಲ್ಲಿ 'ಮೂರು ದಿನ, 17 ಸ್ಥಳ' ಅಂತ ದೊಡ್ಡ ಅಕ್ಷರದಲ್ಲಿ ಇತ್ತು. ನನಗೆ ಡೈರಿ ಬರೆಯುವ ಅಭ್ಯಾಸ. ಎಲ್ಲಿ ಎಷ್ಟು ಗಂಟೆಗೆ ಇಳಿದೆವು, ಎಷ್ಟು ಗಂಟೆಗೆ ಹತ್ತಿದೆವು ಅಂತ ಬರೆದುಕೊಂಡಿದ್ದೇನೆ. ಶನಿವಾರದ ಪುಟ ಹೀಗಿದೆ. ಹೊಸಪೇಟೆಯ ಹೋಟೆಲಿನಿಂದ ಆರು ಗಂಟೆಗೆ ಹೊರಡುವುದು ಅಂದಿದ್ದರು, ಹೊರಟದ್ದು ಎಂಟೂಕಾಲಿಗೆ. ಇಳಕಲ್ಲಿನಲ್ಲಿ ಒಂದು ಸೀರೆ ಅಂಗಡಿಯ ಮುಂದೆ ನಿಲ್ಲಿಸಿದರು, ಅಲ್ಲಿ ಒಂದು ಗಂಟೆ ಇಪ್ಪತ್ತು ನಿಮಿಷ. ಐಹೊಳೆಯಲ್ಲಿ 40 ನಿಮಿಷ. ಪಟ್ಟದಕಲ್ಲಿನಲ್ಲಿ 35 ನಿಮಿಷ. ಬನಶಂಕರಿಯಲ್ಲಿ ದರ್ಶನಕ್ಕೆ ಮುಕ್ಕಾಲು ಗಂಟೆ. ಬಾದಾಮಿಯ ಗುಹೆಗಳ ಕೆಳಗೆ ಬಸ್ಸು ನಿಂತಾಗ ಸಂಜೆ ಐದು ಗಂಟೆ. ಅಲ್ಲಿ ಸಿಕ್ಕಿದ್ದು 50 ನಿಮಿಷ.

ಕೂಡಿಸಿ ನೋಡಿ. ಚಾಲುಕ್ಯರು ಇನ್ನೂರು ವರ್ಷ ಕಟ್ಟಿದ ಮೂರು ಊರುಗಳಿಗೆ ಸೇರಿ ಎರಡು ಗಂಟೆ ಐದು ನಿಮಿಷ. ಒಂದು ಅಂಗಡಿಗೆ ಒಂದು ಗಂಟೆ ಇಪ್ಪತ್ತು ನಿಮಿಷ. ಇದು ನ್ಯಾಯವಾ?

ಇಳಕಲ್ ಸೀರೆಯ ಮೇಲೆ ನನಗೆ ಪ್ರೀತಿಯೇ ಇದೆ. ಅಕ್ಕ ಒಂದು ಸೀರೆ ತೆಗೆದುಕೊಂಡಳು, ಟೋಪಿ ಸೆರಗಿನದು, ಚೆನ್ನಾಗಿದೆ. ಆದರೆ ನೇಯುವ ಮಗ್ಗ ಆ ಊರಿನಲ್ಲೇ ಇದೆ, ಅದನ್ನು ಯಾರೂ ತೋರಿಸಲಿಲ್ಲ. ಬಾದಾಮಿಯ ಹತ್ತಿರದ ಗುಳೇದಗುಡ್ಡದಲ್ಲಿ ಖಣ ನೇಯುತ್ತಾರೆ, ಅದೂ ಇಲ್ಲ. ಮಗ್ಗದ ಮುಂದೆ ಅರ್ಧ ಗಂಟೆ ನಿಲ್ಲಿಸಿದ್ದರೆ ನಾನು ಈ ಸಾಲು ಬರೆಯುತ್ತಲೇ ಇರಲಿಲ್ಲ. ಅಂಗಡಿಯವರು ಬಸ್ಸಿಗೆ ಕಮಿಷನ್ ಕೊಡುತ್ತಾರೆ ಅಂತ ಬಸ್ಸಿನಲ್ಲಿ ಎಲ್ಲರೂ ಮಾತಾಡಿಕೊಂಡರು. ಅದು ನಿಜವೋ ಅಲ್ಲವೋ ನಿಮಗೇ ಗೊತ್ತು. ನಿಜವಾದರೆ ಆ ದುಡ್ಡನ್ನು ಟಿಕೆಟಿನಲ್ಲೇ ಸೇರಿಸಿ ಕೇಳಿ, ಕೊಡುತ್ತೇವೆ. ನಮ್ಮ ಬೆಳಗಿನ ಹೊತ್ತನ್ನು ಮಾತ್ರ ಅಂಗಡಿಗೆ ಕೊಡಬೇಡಿ.

ಐಹೊಳೆಯ ವಿಷಯಕ್ಕೆ ಬರುತ್ತೇನೆ. ನಮ್ಮ ಜೊತೆ ಬಂದ ಮ್ಯಾನೇಜರೇ ಮೈಕ್ ಹಿಡಿದು ಗೈಡ್ ಕೆಲಸವನ್ನೂ ಮಾಡುತ್ತಿದ್ದರು. ಒಳ್ಳೆಯ ಮನುಷ್ಯ. ಯಾರಿಗೆ ವಾಂತಿ ಬಂತು, ಯಾರ ಚೀಲ ಉಳಿಯಿತು ಅಂತೆಲ್ಲ ಗಮನ ಇಟ್ಟಿದ್ದರು. ಆದರೆ ದೊಡ್ಡ ಗುಡಿಯ ಮುಂದೆ ನಿಂತು "ಇದು ದುರ್ಗಾದೇವಿ ದೇವಸ್ಥಾನ, ಎಲ್ಲರೂ ಬೇಗ ಕೈ ಮುಗಿದು ಬನ್ನಿ" ಅಂದರು. ಕಾಪುವಿನಿಂದ ಬಂದ ಒಬ್ಬರು ಹೂವು ಹಿಡಿದುಕೊಂಡು ಒಳಗೆ ಹೋಗಿ ದೇವಿಯನ್ನು ಹುಡುಕಿದರು. ಗರ್ಭಗುಡಿ ಖಾಲಿ. ಆ ಹೂವನ್ನು ಎಲ್ಲಿ ಇಡಬೇಕು ಅಂತ ತಿಳಿಯದೆ ಕೈಯಲ್ಲೇ ಹಿಡಿದು ಹೊರಗೆ ಬಂದರು. ಆ ಗುಡಿಗೆ ದುರ್ಗ ಅನ್ನುವ ಹೆಸರು ಬಂದದ್ದು ದೇವಿಯಿಂದ ಅಲ್ಲ, ಪಕ್ಕದಲ್ಲಿದ್ದ ಕೋಟೆಯಿಂದ. ದುರ್ಗ ಅಂದರೆ ಕೋಟೆ. ಅಲ್ಲಿಯ ಯಾವ ಗೈಡನ್ನು ಕೇಳಿದ್ದರೂ ಒಂದೇ ನಿಮಿಷದಲ್ಲಿ ಹೇಳುತ್ತಿದ್ದರು.

ನಮ್ಮ ಸೀಟಿನ ಹಿಂದೆ ಎಂಟನೇ ಕ್ಲಾಸಿನ ಹುಡುಗನೊಬ್ಬ ಇದ್ದ, ಉಡುಪಿಯವನು. ಅವನನ್ನು ಕರೆದು ಗುಡಿಯ ಹಿಂಭಾಗ ನೋಡಿ ಬಾ ಅಂದೆ. ಆ ಗುಡಿಯ ಹಿಂದುಗಡೆ ಆನೆ ಕೂತ ಹಾಗೆ ದುಂಡಗಿದೆ. ಗಜಪೃಷ್ಠ ಅನ್ನುತ್ತಾರೆ. ಅವನು ಓಡಿ ಹೋಗಿ ಸುತ್ತು ಹಾಕಿ ಬಂದ. "ಟೀಚರ್, ಹಿಂದೆ ಗೋಡೆ ಉರುಟು ಉಂಟು" ಅಂದ. ಉಡುಪಿಯ ರಥಬೀದಿಯಲ್ಲಿ ಅನಂತೇಶ್ವರದ ಹಿಂದೆ ಹೋಗಿ ನೋಡು, ಅದೂ ಹೀಗೇ ಇದೆ ಅಂದೆ. ಅವನ ಮುಖ ನೀವು ನೋಡಬೇಕಿತ್ತು. ದಿನಾ ನೋಡುವ ದೇವಸ್ಥಾನಕ್ಕೂ ಇಷ್ಟು ದೂರದ ಈ ಕಲ್ಲಿಗೂ ಸಂಬಂಧ ಇದೆ ಅಂತ ಆ ಹುಡುಗನಿಗೆ ಆಗ ಗೊತ್ತಾಯಿತು. ಇನ್ನೇನೋ ಕೇಳಲು ಬಾಯಿ ತೆರೆದ. ಅಷ್ಟರಲ್ಲಿ ಹಾರ್ನ್ ಆಯಿತು.

ಮೇಗುತಿ ಬೆಟ್ಟಕ್ಕೆ ನಮ್ಮನ್ನು ಬಿಡಲೇ ಇಲ್ಲ. ಕರಪತ್ರದಲ್ಲಿ ಅದರ ಹೆಸರೂ ಇರಲಿಲ್ಲ. ಬೆಟ್ಟದ ಮೇಲಿನ ಬಸದಿಯ ಗೋಡೆಯಲ್ಲಿ ರವಿಕೀರ್ತಿ 634ರಲ್ಲಿ ಬರೆಸಿದ ಶಾಸನ ಇದೆ. ಇಮ್ಮಡಿ ಪುಲಕೇಶಿ ಯಾರು ಯಾರನ್ನು ಗೆದ್ದ ಅಂತ ಅದರಲ್ಲಿ ಹೇಳಿದೆ. ಭಾಷೆ ಸಂಸ್ಕೃತ, ಲಿಪಿ ಹಳಗನ್ನಡದ್ದು. ಪುಲಕೇಶಿಗೆ ತಲೆಬಾಗಿದವರ ಪೈಕಿ ಆಳುಪರ ಹೆಸರಿದೆ. ಆಳುಪರು ಅಂದರೆ ನಮ್ಮವರು, ಮಂಗಳೂರು, ಉದ್ಯಾವರ, ಬಾರಕೂರಿನಿಂದ ಈ ತುಳುನಾಡನ್ನು ಆಳಿದವರು. ಒಂದು ಬಸ್ಸಿನ ತುಂಬ ಮಂಗಳೂರು, ಉಡುಪಿಯ ಜನ ಆ ಬೆಟ್ಟದ ಬುಡದವರೆಗೆ ಹೋಗಿದ್ದೆವು. ನಮ್ಮ ಊರನ್ನು ಆಳಿದವರ ಹೆಸರು ಮೇಲೆ ಕಲ್ಲಿನಲ್ಲಿ ಇದೆ ಅಂತ ಮೈಕಿನಲ್ಲಿ ಒಂದು ಮಾತು ಹೇಳಿದ್ದರೂ ಸಾಕಿತ್ತು. ಮೆಟ್ಟಿಲು ಹತ್ತಲಾಗದವರೂ ತಲೆಯೆತ್ತಿ ನೋಡುತ್ತಿದ್ದರು.

ಪಟ್ಟದಕಲ್ಲಿನಲ್ಲಿ "ಎಲ್ಲಾ ಒಂದೇ ಥರದ ಗುಡಿಗಳು, ದೊಡ್ಡದು ಒಂದು ನೋಡಿದರೆ ಸಾಕು" ಅಂದರು. ಇದನ್ನು ಕೇಳಿ ನನಗೆ ನಿಜವಾಗಿ ಸಂಕಟ ಆಯಿತು. 1987ರಲ್ಲಿ ಯುನೆಸ್ಕೋ ಆ ಊರನ್ನು ವಿಶ್ವ ಪರಂಪರೆಯ ತಾಣ ಅಂತ ಗುರುತಿಸಲು ಮುಖ್ಯ ಕಾರಣವೇ ಗುಡಿಗಳು ಒಂದೇ ಥರ ಇಲ್ಲದಿರುವುದು. ಬಾಗಿದ ಶಿಖರದ ಉತ್ತರದ ಶೈಲಿ, ಅಂತಸ್ತು ಅಂತಸ್ತಾಗಿ ಏರುವ ದಕ್ಷಿಣದ ಶೈಲಿ, ಎರಡೂ ಒಂದೇ ಅಂಗಳದಲ್ಲಿ ಅಕ್ಕಪಕ್ಕ ನಿಂತಿವೆ. ವಿರೂಪಾಕ್ಷ ಗುಡಿಯನ್ನು ಕಟ್ಟಿಸಿದ್ದು ರಾಣಿ ಲೋಕಮಹಾದೇವಿ, ಗಂಡ ಇಮ್ಮಡಿ ವಿಕ್ರಮಾದಿತ್ಯ ಕಂಚಿಯ ಪಲ್ಲವರನ್ನು ಗೆದ್ದ ನೆನಪಿಗೆ. ಪಕ್ಕದ ಮಲ್ಲಿಕಾರ್ಜುನ ಗುಡಿ ಅವಳ ತಂಗಿ ತ್ರೈಲೋಕ್ಯಮಹಾದೇವಿಯದು. ವಿರೂಪಾಕ್ಷ ಗುಡಿ ಕಟ್ಟಿದ ಶಿಲ್ಪಿ ಗುಂಡ ಅನಿವಾರಿತಾಚಾರಿಯ ಹೆಸರು ಶಾಸನದಲ್ಲೇ ಇದೆ. ಅಕ್ಕ ತಂಗಿ ಕಟ್ಟಿಸಿದ ಗುಡಿಗಳನ್ನು ನಾವು ಅಕ್ಕ ತಂಗಿ ನೋಡಲು ಹೋಗಿದ್ದೆವು. ಅಕ್ಕನಿಗೆ ಇದನ್ನು ಹೇಳಿದಾಗ ಅವಳು ಮಲ್ಲಿಕಾರ್ಜುನ ಗುಡಿಯ ಕಂಬಕ್ಕೆ ಕೈ ಇಟ್ಟು ಸ್ವಲ್ಪ ಹೊತ್ತು ಸುಮ್ಮನೆ ನಿಂತಳು. 35 ನಿಮಿಷದಲ್ಲಿ ನಮಗೆ ಅಷ್ಟೇ ಆದದ್ದು.

ಇನ್ನು ಬಾದಾಮಿ. ಈ ಪತ್ರ ಬರೆಯಲು ಕೂತದ್ದೇ ಅದಕ್ಕಾಗಿ.

ಕನ್ನಡ ಪಾಠ ಮಾಡಿದವರಿಗೆ ಕಪ್ಪೆ ಅರಭಟ್ಟ ಅನ್ನುವ ವೀರನ ಶಾಸನ ಗೊತ್ತಿರದೆ ಇರುವುದಿಲ್ಲ. ಸುಮಾರು ಕ್ರಿ.ಶ. 700ರದ್ದು. ನಮಗೆ ಸಿಕ್ಕಿರುವ ತ್ರಿಪದಿಗಳಲ್ಲಿ ಅತಿ ಹಳೆಯವು ಅದರಲ್ಲಿವೆ. 'ಸಾಧುಗೆ ಸಾಧು ಮಾಧುರ್ಯಂಗೆ ಮಾಧುರ್ಯಂ' ಅಂತ ಶುರುವಾಗುವ ಆ ಸಾಲನ್ನು 31 ವರ್ಷ ಬೋರ್ಡಿನ ಮೇಲೆ ಬರೆದಿದ್ದೇನೆ. ಒಳ್ಳೆಯವರಿಗೆ ಒಳ್ಳೆಯವನು, ಪ್ರೀತಿಯಿಂದ ಬಂದವರಿಗೆ ಪ್ರೀತಿಯವನು, ಕಾಡುವವರಿಗೆ ಮಾತ್ರ ಕಲಿಯುಗಕ್ಕೇ ವಿಪರೀತನಾದವನು ಅಂತ ಮಕ್ಕಳಿಗೆ ಬಿಡಿಸಿ ಹೇಳಿದ್ದೇನೆ. ಎಷ್ಟೋ ಸಾವಿರ ಮಕ್ಕಳು ಅದನ್ನು ನನ್ನ ಬಾಯಿಂದ ಕೇಳಿದ್ದಾರೆ. ಆ ಬಂಡೆಯನ್ನು ನಾನೇ ಕಣ್ಣಿನಿಂದ ನೋಡಿರಲಿಲ್ಲ. ಬಾದಾಮಿಯ ಕೆರೆಯ ಈಶಾನ್ಯದ ಬಂಡೆಯ ಮೇಲೆ ಅದು ಇದೆ. ಟಿಕೆಟ್ ಮಾಡುವಾಗಲೇ ಆಫೀಸಿನಲ್ಲಿ ಕೇಳಿದ್ದೆ. "ಎಲ್ಲಾ ತೋರಿಸುತ್ತೇವೆ ಟೀಚರ್, ಕರ್ಕೊಂಡು ಹೋಗುವ" ಅಂದಿದ್ದರು.

ಅವತ್ತು ಸಂಜೆ ಐದು ಗಂಟೆಗೆ ಗುಹೆಗಳ ಮೆಟ್ಟಿಲು ಹತ್ತಿದೆವು. ಶಾಲಾ ಪ್ರವಾಸದ ಮಕ್ಕಳು ತುಂಬಿಕೊಂಡಿದ್ದರು. ಅಕ್ಕ ಮೊದಲನೇ ಗುಹೆಯ ಹದಿನೆಂಟು ಕೈಗಳ ನಟರಾಜನನ್ನು ನೋಡಿ ಅಲ್ಲೇ ಕಟ್ಟೆಯ ಮೇಲೆ ಕೂತಳು. ನಾನು ಮೂರನೆಯದಕ್ಕೆ ಹೋದೆ. ಅಣ್ಣ ಕೀರ್ತಿವರ್ಮ ಆಳುತ್ತಿದ್ದಾಗ ಮಂಗಳೇಶ ಮಾಡಿಸಿದ್ದು, 578ರ ಶಾಸನ ಅಲ್ಲಿದೆ. ಸಂಜೆಯ ಬಿಸಿಲು ಕಂಬದ ಮೇಲೆ ಬಿದ್ದು ಕಲ್ಲೆಲ್ಲ ಸುಟ್ಟ ಇಟ್ಟಿಗೆಯ ಬಣ್ಣ ಆಗಿತ್ತು. ಅಲ್ಲಿಂದ ಕೆಳಗೆ ನೋಡಿದರೆ ಅಗಸ್ತ್ಯ ತೀರ್ಥ, ಆಚೆ ತುದಿಯಲ್ಲಿ ಭೂತನಾಥ ಗುಡಿ, ಮೆಟ್ಟಿಲ ಮೇಲೆ ಬಟ್ಟೆ ಒಗೆಯುವ ಹೆಂಗಸರು. ಒಗೆಯುವ ಸದ್ದು ಬಂಡೆಗೆ ಬಡಿದು ಮೇಲಿನ ತನಕ ಕೇಳುತ್ತಿತ್ತು. ನಾನು ಮ್ಯಾನೇಜರ ಹತ್ತಿರ ಕೆರೆಯ ಆಚೆ ಕಡೆ ಕೈ ತೋರಿಸಿ, ಅಲ್ಲಿಗೆ ಹೋಗಬೇಕಲ್ಲ, ಕಪ್ಪೆ ಅರಭಟ್ಟನ ಶಾಸನ ಅಂದೆ.

"ಅಲ್ಲಿ ಎಂತ ಇಲ್ಲ ಟೀಚರ್, ಬರೀ ಬಂಡೆ. ಕತ್ತಲೆ ಆಗ್ತದೆ ಮಾರಾಯ್ರೆ. ಫೋಟೋ ಆಯ್ತಲ್ಲ, ಬನ್ನಿ" ಅಂದರು.

ನಾನು ಏನೂ ಹೇಳಲಿಲ್ಲ. ಕೆಳಗೆ ಹಾರ್ನ್ ಆಗುತ್ತಿತ್ತು. ನನ್ನೊಬ್ಬಳಿಗಾಗಿ ನಲವತ್ತು ಜನರನ್ನು ಕಾಯಿಸುವುದು ಸರಿಯಲ್ಲ ಅಂತ ಮೆಟ್ಟಿಲಿಳಿದೆ. ಬಸ್ಸಿನಲ್ಲಿ ಕೂತ ಮೇಲೆ ಅಳು ಬಂತು. ಅಕ್ಕ ನನ್ನ ಕೈ ಹಿಡಿದುಕೊಂಡು ಕೂತಿದ್ದಳು. ಬೆಳಗ್ಗೆ ಸೀರೆ ಅಂಗಡಿಯಲ್ಲಿ ಹೋದ ಹೊತ್ತಿನಲ್ಲಿ ಅರ್ಧ ಉಳಿದಿದ್ದರೂ ಕೆರೆಯ ದಂಡೆಯಲ್ಲಿ ನಡೆದು ಹೋಗಿ ಬರಬಹುದಿತ್ತು.

ಹಂಪಿಯ ಕತೆ ಜಾಸ್ತಿ ಎಳೆಯುವುದಿಲ್ಲ. ಬಸ್ಸು ಮಂಗಳೂರಿನಿಂದ ಕುಂದಾಪುರದವರೆಗೆ ಸುರತ್ಕಲ್, ಮೂಲ್ಕಿ, ಪಡುಬಿದ್ರಿ, ಕಾಪು ಅಂತ ಎಲ್ಲ ಕಡೆ ನಿಂತು ಜನ ಹತ್ತಿಸಿಕೊಂಡು ಹೋದದ್ದರಿಂದ ಶುಕ್ರವಾರ ಬೆಳಗ್ಗೆ ಮೂರು ಗಂಟೆ ತಡ. ವಿಜಯ ವಿಠ್ಠಲಕ್ಕೆ ಹೋಗುವ ಬ್ಯಾಟರಿ ಗಾಡಿಯ ಸಾಲಿನಲ್ಲಿ ಒಂದು ಗಂಟೆ ನಿಂತೆವು. ಹಜಾರರಾಮ ಬಿಟ್ಟೇ ಹೋಯಿತು. ಮಹಾನವಮಿ ದಿಬ್ಬವನ್ನು ದೂರದಿಂದ ತೋರಿಸಿದರು. 1443ರಲ್ಲಿ ಹೆರಾತಿನ ರಾಯಭಾರಿ ಅಬ್ದುರ್ ರಜಾಕ್ ನಮ್ಮ ಮಂಗಳೂರಿನಲ್ಲಿ ಹಡಗಿನಿಂದ ಇಳಿದು, ಇಲ್ಲಿಂದಲೇ ಘಟ್ಟ ಹತ್ತಿ ವಿಜಯನಗರಕ್ಕೆ ಹೋದವನು. ಅಲ್ಲಿಯ ಮಹಾನವಮಿ ಹಬ್ಬವನ್ನು ಕಣ್ಣಾರೆ ಕಂಡು ಬರೆದಿಟ್ಟವನು. ಬಾರಕೂರಿಗೂ ಮಂಗಳೂರಿಗೂ ಅಧಿಕಾರಿಗಳು ವಿಜಯನಗರದಿಂದಲೇ ನೇಮಕವಾಗಿ ಬರುತ್ತಿದ್ದರು. ನಮ್ಮ ಕರಾವಳಿಯವರಿಗೆ ಹಂಪಿ ಬೇರೆಯವರ ಊರಲ್ಲ. ರಾತ್ರಿಯಿಡೀ ಬಸ್ಸಿನಲ್ಲಿ ಟೀವಿ ಹಾಕುವ ಬದಲು ಹೊರಡುವಾಗ ಹತ್ತು ನಿಮಿಷ ಇದನ್ನು ಯಾರಾದರೂ ಹೇಳಿದ್ದರೆ, ಮರುದಿನ ಇಳಿಯುವಾಗ ಜನರ ಕಣ್ಣು ಬೇರೆಯೇ ಇರುತ್ತಿತ್ತು.

ಕಮಲಾಪುರದ ಮ್ಯೂಸಿಯಂ ಬಾಗಿಲು ಹಾಕಿತ್ತು. ಪುರಾತತ್ವ ಇಲಾಖೆಯ ಮ್ಯೂಸಿಯಂಗಳಿಗೆ ಶುಕ್ರವಾರ ರಜೆ. ಪ್ರತಿ ಗುರುವಾರ ರಾತ್ರಿ ಬಸ್ಸು ಹೊರಡಿಸಿ, ಶುಕ್ರವಾರ ಹಂಪಿ ತೋರಿಸುವವರಿಗೆ ಇದು ಗೊತ್ತಿರಬೇಕು, ಅಲ್ವಾ? ಆದರೂ ಕರಪತ್ರದ 17 ಸ್ಥಳಗಳಲ್ಲಿ ಆ ಮ್ಯೂಸಿಯಂ ಕೂಡ ಒಂದು.

ವಿಜಯಪುರದಲ್ಲಿ ಗೋಳಗುಮ್ಮಟಕ್ಕೆ ಭಾನುವಾರ ಮಧ್ಯಾಹ್ನ ಹನ್ನೆರಡಕ್ಕೆ ಹೋದೆವು. 44 ಮೀಟರ್ ಅಗಲದ ಗುಮ್ಮಟ, ಕೆಳಗೆ ಒಂದು ಕಂಬ ಇಲ್ಲ. ಗೋಡೆಗೆ ಬಾಯಿ ಇಟ್ಟು ಪಿಸುಗುಟ್ಟಿದರೆ ಎದುರು ಬದಿಯಲ್ಲಿ ನಿಂತವರಿಗೆ ಕೇಳಬೇಕು. ಆ ಹೊತ್ತಿನಲ್ಲಿ ಕೇಳಿದ್ದು ನೂರಾರು ಜನ ಒಟ್ಟಿಗೆ ಕೂಗುವ ಸದ್ದು ಮಾತ್ರ. ಬೆಳಗ್ಗೆ ಬೇಗ ಹೋಗಬೇಕಾದ ಜಾಗ ಅದು, ಆ ಊರಿನವರೆಲ್ಲ ಹಾಗೇ ಹೇಳುತ್ತಾರೆ. ಏಳು ಅಂತಸ್ತು ಹತ್ತಲಾಗದ ಹನ್ನೊಂದು ಮಂದಿ ಹಿರಿಯರು ಕೆಳಗೆ ಹುಲ್ಲಿನ ಮೇಲೆ ಕೂತಿದ್ದರು. ಆ ಹೊತ್ತಿನಲ್ಲಿ ಅವರನ್ನು ಎದುರಿಗಿರುವ ಮ್ಯೂಸಿಯಂ ಒಳಗಾದರೂ ಕರೆದುಕೊಂಡು ಹೋಗಬಹುದಿತ್ತು. ಅವತ್ತು ಅದು ತೆರೆದಿತ್ತು. ಇಬ್ರಾಹಿಂ ರೋಜಾ ಊರೊಳಗೇ ಇದ್ದರೂ, ಆಲಮಟ್ಟಿಯ ಕಾರಂಜಿಗೆ ತಡವಾಗುತ್ತದೆ ಅಂತ ಅದನ್ನೂ ಬಿಟ್ಟರು.

ಹೆಂಗಸರ ಪರವಾಗಿ ಒಂದು ಮಾತು ಹೇಳಲೇಬೇಕು. ರಾತ್ರಿ ಪ್ರಯಾಣದಲ್ಲಿ ಬಸ್ಸು ನಿಂತದ್ದು ಎರಡು ಸಲ. ಒಂದು ಕಡೆ ಪೆಟ್ರೋಲ್ ಬಂಕಿನ ಟಾಯ್ಲೆಟ್ಟಿಗೆ ಬೀಗ. ಇನ್ನೊಂದು ಕಡೆ ರಸ್ತೆ ಬದಿಯ ಕತ್ತಲೆ. ನಾನು, ಅಕ್ಕ, ಜೊತೆಗಿದ್ದ ಹೆಚ್ಚಿನ ಹೆಂಗಸರು ಮರುದಿನ ಪೂರ್ತಿ ನೀರು ಕುಡಿಯುವುದನ್ನೇ ಕಡಿಮೆ ಮಾಡಿದೆವು. ಹಂಪಿಯ ಬಿಸಿಲಿನಲ್ಲಿ ಒಬ್ಬರಿಗೆ ತಲೆಸುತ್ತು ಬಂದು ಕೂರಿಸಬೇಕಾಯಿತು. ವಾರ ವಾರ ಅದೇ ದಾರಿಯಲ್ಲಿ ಹೋಗುವ ಬಸ್ಸು ನಿಮ್ಮದು. ಶುಚಿಯಾದ, ದೀಪ ಇರುವ, ಬೀಗ ಹಾಕದ ಎರಡು ಜಾಗವನ್ನು ಮೊದಲೇ ಗೊತ್ತು ಮಾಡಿಕೊಳ್ಳುವುದು ನಿಮಗೆ ಕಷ್ಟದ ಕೆಲಸವಲ್ಲ. ಬಸ್ಸು ಎಲ್ಲಿ, ಎಷ್ಟು ಗಂಟೆಗೆ ನಿಲ್ಲುತ್ತದೆ ಅಂತ ಹತ್ತುವಾಗಲೇ ಹೇಳಿದರೆ ಹೆಂಗಸರು ಧೈರ್ಯವಾಗಿ ನೀರು ಕುಡಿಯುತ್ತಾರೆ.

ಊಟದ ಬಗ್ಗೆ ನಿಮ್ಮ ಕಾಳಜಿ ದೊಡ್ಡದು. ಕುಚ್ಚಲಕ್ಕಿಯನ್ನು ಇಲ್ಲಿಂದಲೇ ಮೂಟೆ ಕಟ್ಟಿಕೊಂಡು ಬರುತ್ತೀರಿ. ಹಿರಿಯರಿಗೆ ಅದು ಬೇಕು, ಒಪ್ಪುತ್ತೇನೆ. ಆದರೆ ಮೂರು ದಿನ ಆ ಕಡೆ ತಿರುಗಿ ಒಂದು ತುಂಡು ಜೋಳದ ರೊಟ್ಟಿ ನಮ್ಮ ತಟ್ಟೆಗೆ ಬೀಳಲಿಲ್ಲ. ಬನಶಂಕರಿಯಲ್ಲಿ ಹೆಂಗಸರು ಬುಟ್ಟಿಯಲ್ಲಿ ರೊಟ್ಟಿ, ಪಲ್ಯ, ಶೇಂಗಾ ಚಟ್ನಿ, ಗಡಿಗೆಯಲ್ಲಿ ಕೆನೆ ಮೊಸರು ಇಟ್ಟುಕೊಂಡು "ಬರ್ರೀ ಅಕ್ಕಾರ, ಉಣ್ರೀ" ಅಂತ ಕರೆಯುತ್ತಿದ್ದರು. ಒಂದು ಹೊತ್ತು ನಿಮ್ಮ ಅಡುಗೆಯವರಿಗೆ ರಜೆ ಕೊಡಿ. ಆ ದುಡ್ಡನ್ನು ಆ ತಾಯಂದಿರಿಗೆ ಕೊಡಿ. ನಮಗೂ ಊರಿಗೆ ಬಂದು ಹೇಳಲು ಒಂದು ರುಚಿ ಇರುತ್ತದೆ.

ಈಗ ನನ್ನ ಕೋರಿಕೆ. ಕರಪತ್ರದಲ್ಲಿ ಸ್ಥಳಗಳ ಸಂಖ್ಯೆ ಬರೆಯುವುದನ್ನು ಬಿಡಿ. ಪ್ರತಿ ಊರಿನ ಹೆಸರಿನ ಪಕ್ಕ ಅಲ್ಲಿ ನಮ್ಮನ್ನು ಎಷ್ಟು ಹೊತ್ತು ಇಳಿಸಿರುತ್ತೀರಿ ಅಂತ ಬರೆಯಿರಿ. ಪಟ್ಟದಕಲ್ಲು ಎರಡು ಗಂಟೆ, ಬಾದಾಮಿ ನಾಲ್ಕು ಗಂಟೆ ಅಂತ ಅಚ್ಚಾಗಿದ್ದರೆ ನಾವು ಅದನ್ನು ನೋಡಿ ದುಡ್ಡು ಕಟ್ಟುತ್ತೇವೆ, ನೀವೂ ಅದಕ್ಕೆ ಬದ್ಧರಾಗಿರುತ್ತೀರಿ. ಅದಕ್ಕಾಗಿ ಹದಿನೇಳರಲ್ಲಿ ಏಳು ಸ್ಥಳ ಬಿಟ್ಟರೂ ಪರವಾಗಿಲ್ಲ. ಬೇಕಿದ್ದರೆ ವಿಜಯಪುರವನ್ನೇ ಬೇರೆ ಪ್ರವಾಸ ಮಾಡಿ. ಒಂದು ರಾತ್ರಿ ಬಾದಾಮಿಯಲ್ಲೇ ಉಳಿಸಿ, ಬೆಳಗ್ಗೆ ಗುಹೆ ತೋರಿಸಿ.

ಎರಡನೆಯದು, ಪ್ರತಿ ಊರಿನಲ್ಲಿ ಅಲ್ಲಿಯದೇ ಗುರುತಿನ ಚೀಟಿ ಇರುವ ಗೈಡನ್ನು ಹಿಡಿಯಿರಿ. ಅವರ ಸಂಬಳ ನಮ್ಮ ಟಿಕೆಟಿನಲ್ಲೇ ಸೇರಲಿ. ಬಸ್ಸಿನ ಮ್ಯಾನೇಜರಿಗೆ ಊಟ, ರೂಮು, ಲೆಕ್ಕ ಎಲ್ಲ ನೋಡಿಕೊಳ್ಳುವುದೇ ಬೆಟ್ಟದಷ್ಟು ಕೆಲಸ. ಚಾಲುಕ್ಯರ ಚರಿತ್ರೆಯನ್ನೂ ಅವರ ತಲೆಗೆ ಕಟ್ಟುವುದು ಅವರಿಗೂ ಅನ್ಯಾಯ. ಹೊರಡುವ ದಿನವನ್ನು ಒಂದು ದಿನ ಹಿಂದೆಯೋ ಮುಂದೆಯೋ ಹಾಕಿದರೆ ಮ್ಯೂಸಿಯಂ ಕೂಡ ಸಿಗುತ್ತದೆ. ಅಂಗಡಿಗೆ ಹೋಗಲೇಬೇಕು ಅಂತಿದ್ದರೆ ಸಂಜೆ ಕತ್ತಲಾದ ಮೇಲೆ ಹೋಗೋಣ. ಸೀರೆಯನ್ನು ದೀಪದ ಬೆಳಕಿನಲ್ಲೂ ನೋಡಬಹುದು, ಶಾಸನವನ್ನು ಹಾಗೆ ನೋಡಲಾಗುವುದಿಲ್ಲ.

ಪ್ರವಾಸಕ್ಕೆ ಹೋಗುವ ನನ್ನ ಊರಿನವರಿಗೂ ಇಲ್ಲಿ ಒಂದು ಮಾತು. ಬುಕ್ಕಿಂಗ್ ಮಾಡುವಾಗ ನಾವು ಮೊದಲು ಕೇಳುವುದೇ "ಎಷ್ಟು ಜಾಗ ತೋರಿಸ್ತೀರಿ, ಎಷ್ಟು ರೇಟು" ಅಂತ. ಪಕ್ಕದ ಬಸ್ಸಿನವರು 19 ಅಂದರೆ ಆ ಕಡೆ ಹೋಗುತ್ತೇವೆ. ನಾನೂ ಹಾಗೇ ಕೇಳಿದವಳು. ಹಾಗೆ ಕೇಳುವುದನ್ನು ನಾವು ಬಿಡದೆ ಅವರೂ ಬದಲಾಗುವುದಿಲ್ಲ.

ಮಾಲೀಕರೇ, ಈ ವರ್ಷದ ನವೆಂಬರಿನಲ್ಲಿ ಮತ್ತೆ ಹೋಗಬೇಕು ಅಂತ ಅಕ್ಕ ಈಗಲೇ ಹೇಳುತ್ತಿದ್ದಾಳೆ. ಅವಳಿಗೆ ಆಗ 72. ನಿಮ್ಮಲ್ಲಿ ಯಾರಾದರೂ ಬಾದಾಮಿಯಲ್ಲಿ ಒಂದು ಬೆಳಗ್ಗೆ ಪೂರ್ತಿ ಬಸ್ಸು ನಿಲ್ಲಿಸುತ್ತೀರಾದರೆ, ಕೆರೆಯ ದಂಡೆಯಲ್ಲಿ ಆ ಬಂಡೆಯವರೆಗೆ ದಾರಿ ತೋರಿಸುವ ಒಬ್ಬರನ್ನು ಜೊತೆಗೆ ಕಳಿಸುತ್ತೀರಾದರೆ, ನಮಗೆ ಮುಂದಿನ ಬಾಗಿಲ ಹತ್ತಿರ ಎರಡು ಸೀಟು ಬೇಕು. ಅಕ್ಕನಿಗೆ ಕಾಲು ಚಾಚಲು ಜಾಗ ಇರುವಂಥದ್ದು. ಮುಂಗಡ ಈಗಲೇ ಕಟ್ಟುತ್ತೇನೆ.

ಇಂತಿ ನಿಮ್ಮ ವಿಶ್ವಾಸಿ,
ಒಬ್ಬ ನಿವೃತ್ತ ಕನ್ನಡ ಟೀಚರ್
ಬ್ರಹ್ಮಾವರ, ಉಡುಪಿ ಜಿಲ್ಲೆ